ಜಾತ್ರೆಯ ಐವತ್ತು ಸೆಕೆಂಡು

ದಾವಣಗೆರೆಯ ನಮ್ಮ ಮನೆಯ ಅಟ್ಟದಲ್ಲಿದ್ದ ಸೂಪರ್ 8 (ಮನೆಬಳಕೆಯ ಕ್ಯಾಮೆರಾದ ಫಿಲ್ಮ್) ರೀಲೊಂದನ್ನು ಕಳೆದ ವರ್ಷ ಡಿಜಿಟಲ್ ಮಾಡಿಸಿದೆ. ದುಗ್ಗಮ್ಮನ ಜಾತ್ರೆಯಲ್ಲಿ ದೊಡ್ಡಪ್ಪ ತೆಗೆದ ಚಿತ್ರವದು. ಡೊಳ್ಳು ಬಡಿಯುವ ಕೈಗಳು ಕಾಣುತ್ತವೆ, ಸದ್ದಿಲ್ಲ. ಹಾರ್ಮೋನಿಯಂ ಬರುತ್ತದೆಂಬ ಧೈರ್ಯದಲ್ಲಿ ನಾನೇ ಎರಡೂವರೆ ನಿಮಿಷದ ಸಂಗೀತ ಕೂಡಿಸಿ ಅಮ್ಮನಿಗೆ ತೋರಿಸಿದರೆ, "ಹಿಂಗ್ಯಾಕೆ ಓಡ್ತಾರೆ, ಹೋರಿ ಅಟ್ಟಿಸ್ಕೊಂಡು ಬಂದೈತಾ?" ಎಂದಳು.

ತಪ್ಪು ಅಲ್ಲೇ ಇತ್ತು. ಐವತ್ತು ಅಡಿಯ ಆ ರೀಲಿನಲ್ಲಿ 3,600 ಚೌಕಟ್ಟುಗಳು, ಅಂದರೆ ಬಿಡಿ ಚಿತ್ರಗಳು, ಇರುತ್ತವೆ. ಸೆಕೆಂಡಿಗೆ 18ರಂತೆ ತೆಗೆದದ್ದನ್ನು ವರ್ಗಾಯಿಸಿದವರು 24ರಂತೆ ಓಡಿಸಿ, 3 ನಿಮಿಷ 20 ಸೆಕೆಂಡಿನ ಜಾತ್ರೆಯನ್ನು ಎರಡೂವರೆ ನಿಮಿಷಕ್ಕೆ ಮುಗಿಸಿದ್ದರು.

ಆಗ ನೆನಪಾದವರು ಹಳೆಯ ಚಿತ್ರಗಳಿಗೆ ಸಂಗೀತ ಕೂಡಿಸಿದ, 2023ರಲ್ಲಿ ತೀರಿಕೊಂಡ ಕಾರ್ಲ್ ಡೇವಿಸ್. ನ್ಯೂಯಾರ್ಕಿನಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ನೆಲೆಸಿದ ಈ ಸಂಯೋಜಕರು, ಎರಡನೇ ಮಹಾಯುದ್ಧದ ಹಳೆಯ ದೃಶ್ಯಗಳಿಂದ ಕಟ್ಟಿದ 26 ಕಂತುಗಳ 'ದಿ ವರ್ಲ್ಡ್ ಅಟ್ ವಾರ್' ಸರಣಿಗೆ 1973ರಲ್ಲಿ ಸಂಗೀತ ಕೊಟ್ಟವರು. ಆದರೆ ಅವರ ದೊಡ್ಡ ಕೆಲಸವೆಂದರೆ ಫ್ರೆಂಚ್ ನಿರ್ದೇಶಕ ಆಬೆಲ್ ಗಾನ್ಸ್ 1927ರಲ್ಲಿ ಮಾಡಿದ ಮೂಕಿಚಿತ್ರ 'ನೆಪೋಲಿಯನ್'ಗೆ ಕೊಟ್ಟ ಸಂಗೀತ. ಶಾಲಾ ಹುಡುಗನಾಗಿದ್ದಾಗ ಆ ಚಿತ್ರದ ಒಂದೆರಡು ರೀಲು ಕೈಗೆ ಸಿಕ್ಕ ಚಲನಚಿತ್ರ ಇತಿಹಾಸಕಾರ ಕೆವಿನ್ ಬ್ರೌನ್‌ಲೋ, ಚೆದುರಿದ ಉಳಿದ ತುಣುಕುಗಳನ್ನು ವರ್ಷಗಟ್ಟಲೆ ಹುಡುಕಿ ಜೋಡಿಸಿದರು. ಸುಮಾರು ಐದು ಗಂಟೆಯ ಆ ಚಿತ್ರ 1980ರಲ್ಲಿ ಲಂಡನ್ನಿನ ತೆರೆಯ ಮೇಲೆ ಓಡುವಾಗ ಡೇವಿಸ್ ವಾದ್ಯವೃಂದವನ್ನು ಎದುರಿಗೆ ನಿಂತು ನಡೆಸಿದರು. ನೆಪೋಲಿಯನ್ನನ ಕಾಲದವನೇ ಆದ ಬೇಥೋವನ್‌ನ ರಚನೆಗಳನ್ನೂ ಅದರಲ್ಲಿ ಹೆಣೆದಿದ್ದರು. ಮುಂದೆ ಇನ್ನಷ್ಟು ತುಣುಕುಗಳು ದೊರೆತು ಚಿತ್ರ ಉದ್ದವಾದಂತೆ ಸಂಗೀತವನ್ನೂ ಬೆಳೆಸಬೇಕಾಯಿತು. ಡಬ್ಬಿಯಲ್ಲಿಟ್ಟದ್ದಷ್ಟೇ ಸಂರಕ್ಷಣೆಯಲ್ಲ, ಜನ ಕೂತು ನೋಡುವಂತೆ ಮಾಡುವುದೂ ಅದರ ಭಾಗವೆಂದು ನನಗೆ ಅನ್ನಿಸಿದ್ದು ಇದರಿಂದಲೇ. (ನಮ್ಮ ಮೊದಲ ಕನ್ನಡ ವಾಕ್ಚಿತ್ರ, 1934ರ 'ಸತಿ ಸುಲೋಚನಾ', ಅದಕ್ಕೆ ಡಬ್ಬಿಯ ಭಾಗ್ಯವೂ ಇಲ್ಲ, ಒಂದು ಪ್ರತಿಯೂ ಉಳಿದಿಲ್ಲ.)

ರೀಲನ್ನು 18ರ ವೇಗದಲ್ಲಿ ಮತ್ತೆ ವರ್ಗಾಯಿಸಿಕೊಂಡೆ. ಐವತ್ತು ಸೆಕೆಂಡು ಹೆಚ್ಚಾಯಿತು; ನನ್ನ ಹಳೆಯ ರಾಗ ಎಲ್ಲಿಯೂ ಕೂರಲಿಲ್ಲ. ಹಾರ್ಮೋನಿಯಂ ಬದಿಗಿಟ್ಟು, ಕೋಲು ಚರ್ಮಕ್ಕೆ ತಾಗುವ ಚೌಕಟ್ಟುಗಳನ್ನು ಒಂದೊಂದಾಗಿ ಗುರುತು ಹಾಕಿಕೊಂಡು, ಪರಿಚಯದ ಡೊಳ್ಳಿನವರೊಬ್ಬರನ್ನು ತೆರೆಯ ಮುಂದೆ ಕೂರಿಸಿ ಬಾರಿಸಲು ಕೇಳಿಕೊಂಡೆ. ಮೂರನೆಯ ಸಲಕ್ಕೆ ಅವರ ಪೆಟ್ಟು ಚಿತ್ರದ ಪೆಟ್ಟಿಗೆ ಸರಿಯಾಗಿ ಬಿತ್ತು. ರೀಲಿನ ಡಬ್ಬಿಯ ಮುಚ್ಚಳದ ಮೇಲೆ ಈಗ ಶಾಯಿಯಲ್ಲಿ ಬರೆದಿಟ್ಟಿದ್ದೇನೆ: ಸೆಕೆಂಡಿಗೆ 18.