ಸೆರಗು ಯಾವ ಕಡೆ?

ಧಾರಾವಾಹಿಗಳಿಗೆ ಕಾಸ್ಟ್ಯೂಮ್ ಮಾಡಲು ಶುರು ಮಾಡಿ 11 ವರ್ಷವಾಯಿತು. ಮೊದಲ ಮೂರು ವರ್ಷ ಅಸಿಸ್ಟೆಂಟ್ ಆಗಿದ್ದೆ. ಇಸ್ತ್ರಿ ಹಾಕುವುದು, ಫಾಲ್ಸ್ ಹೊಲಿಯುವುದು, ಪಿನ್ ಡಬ್ಬಿ ಹಿಡಿದು ಕ್ಯಾಮೆರಾ ಹಿಂದೆ ನಿಲ್ಲುವುದು. ಆಮೇಲೆ ಸ್ವಂತವಾಗಿ ಸಿಕ್ಕ ಮೊದಲ ಧಾರಾವಾಹಿಯ ಮೊದಲ ದಿನವನ್ನು ನಾನು ಮರೆಯಲಾರೆ.

ಬಾಗಲಕೋಟೆ ಕಡೆಯ ತಾಯಿಯ ಪಾತ್ರ. ಅರವತ್ತು ದಾಟಿದ, ಹೊಲದಲ್ಲಿ ದುಡಿದ ಜೀವ. ಚಿಕ್ಕಪೇಟೆ ಸುತ್ತಿ ಇಳಕಲ್ ಸೀರೆ ತಂದಿದ್ದೆ. ಹತ್ತಿಯ ಒಡಲು, ಕೆಂಪು ರೇಷ್ಮೆ ಸೆರಗು, ಸೆರಗಿನ ತುಂಬ ಬಿಳಿಯ ‘ಟೋಪಿ ತೆನೆ’ ವಿನ್ಯಾಸ. ಒಡಲಿಗೂ ಸೆರಗಿಗೂ ಎಳೆಗೆ ಎಳೆ ಕೊಂಡಿ ಹಾಕಿ ಕೂಡಿಸಿರುತ್ತಾರೆ. ಆ ಜಾಗವನ್ನು ಬೆರಳಲ್ಲಿ ಸವರಿದರೆ ನೇಕಾರರ ಶ್ರಮ ಗೊತ್ತಾಗುತ್ತದೆ. ಸಣ್ಣ ಚೌಕಳಿ ಬೇಡ ಅಂದೆ, ಟಿವಿಯಲ್ಲಿ ಅದು ನಡುಗಿದ ಹಾಗೆ ಕಾಣುತ್ತದೆ. ಅಂಗಡಿಯ ಹೊಳಪು ಹೋಗಲಿ ಅಂತ ಎಂಟು ಸಲ ಒಗೆದೆ, ಟೀ ಡಿಕಾಕ್ಷನ್ನಿನಲ್ಲಿ ಅದ್ದಿದೆ. ಗುಳೇದಗುಡ್ಡ ಖಣದ ಕುಪ್ಪಸವನ್ನೂ ಹೊಲಿಸಿದ್ದೆ. ಎಲ್ಲ ಸರಿ ಇದೆ ಅಂದುಕೊಂಡೆ.

ಬಾಗಿಲಿಂದ ಆಚೆ ಬರುವ ಸೀನ್ ಮುಗಿದಿತ್ತು. ಊಟದ ಹೊತ್ತಿಗೆ ಪಾತ್ರೆ ತೊಳೆಯುವ ಅಕ್ಕ ನನ್ನ ಹತ್ತಿರ ಬಂದು ಮೆಲ್ಲಗೆ ಹೇಳಿದರು. ‘ಮೇಡಂ, ಸೀರಿ ನಮ್ಮವ್ವನ ಸೀರಿ ಇದ್ದಂಗ ಐತಿ. ಆದ್ರ ನಮ್ಮ ಕಡೆ ಹಿರೇರು ಸೆರಗ ಬಲಕ್ಕ ಹಾಕ್ತಾರ್ರಿ.’

ಕೈಕಾಲು ತಣ್ಣಗಾಯಿತು. ಬಟ್ಟೆ ಹುಡುಕಲು ವಾರ ಕಳೆದಿದ್ದೆ, ಉಡುವವರನ್ನು ಒಂದು ಮಾತು ಕೇಳಿರಲಿಲ್ಲ.

ಈಗ ಬದಲಾಯಿಸಿದರೆ ಕಂಟಿನ್ಯೂಟಿ ಹೋಗುತ್ತದೆ. ಆಚೆ ಬರುವಾಗ ಎಡಕ್ಕೆ, ಒಳಗೆ ಹೋದರೆ ಬಲಕ್ಕೆ, ಹಾಗಾಗುವುದಿಲ್ಲ ಅಲ್ವಾ? ನಿರ್ದೇಶಕರು ‘ಸುಮ್ನೆ ಬಿಡಿ, ಯಾರು ನೋಡ್ತಾರೆ?’ ಅಂದರು. ‘ಸರ್, ಆ ಕಡೆಯ ಮನೆ ಮನೆಯಲ್ಲೂ ನೋಡ್ತಾರೆ. ಮೊದಲ ದಿನವೇ ಇವಳು ನಮ್ಮವಳಲ್ಲ ಅಂದುಬಿಟ್ಟರೆ?’ ಅಂದೆ. ನನ್ನ ದನಿ ನಡುಗುತ್ತಿತ್ತು. ಬಿಸಿಲು ಇಳಿಯುವ ಮೊದಲು ಆ ಸೀನ್ ಮತ್ತೆ ತೆಗೆಯಲು ಅರ್ಧ ಗಂಟೆ ಕೊಟ್ಟರು.

ಅಕ್ಕ ಕೈ ಒರೆಸಿಕೊಂಡು ಬಂದು ತಾವೇ ಸೀರೆ ಉಡಿಸಿದರು. ನಾನು ಹಾಕಿದ್ದ ಆರು ಪಿನ್ನುಗಳಲ್ಲಿ ಐದನ್ನು ತೆಗೆದು ನನ್ನ ಕೈಗಿತ್ತರು. ಸೆರಗನ್ನು ಬಲ ಹೆಗಲ ಮೇಲೆ ತಂದು ತಲೆ ಮೇಲೆ ಹೊದಿಸಿದರು. ಆಮೇಲೆ ಹೆಬ್ಬೆರಳಿನಿಂದ ಕಿವಿಯ ಹಿಂದಕ್ಕೆ ಒತ್ತಿದರು. ಆ ನಟಿ ಎದ್ದು ನಡೆದಾಗ ನಡಿಗೆಯೇ ಬೇರೆಯಾಗಿತ್ತು.

ರಾತ್ರಿ ಕಂಟಿನ್ಯೂಟಿ ಫೋಟೊದ ಕೆಳಗೆ ದಪ್ಪ ಅಕ್ಷರದಲ್ಲಿ ಬರೆದಿಟ್ಟೆ: ಸೆರಗು ಬಲಕ್ಕೆ, ತಲೆ ಮೇಲೆ, ಕಿವಿ ಕಾಣಬೇಕು. ಕಿವಿಯ ಮಾತು ಅಕ್ಕನದೇ. ‘ಬೆಂಡೋಲಿ ಕಾಣಲಿಲ್ಲಂದ್ರ ಹೆಂಗ್ರಿ?’ ಅಂದಿದ್ದರು.