"ನಿಮ್ಮ ಫೇವರಿಟ್ ಚೆಸ್ ಪ್ಲೇಯರ್ ಯಾರು ಸರ್?"

ಭಾನುವಾರ ಬೆಳಿಗ್ಗೆ ನಮ್ಮ ಬಡಾವಣೆಯ ಮಕ್ಕಳಿಗೆ ಚೆಸ್ ಹೇಳಿಕೊಡಲು ಶುರುಮಾಡಿ ಎಂಟು ವರ್ಷವಾಯಿತು. ಮಗುವನ್ನು ಬಿಟ್ಟುಹೋಗಲು ಬರುವ ಅಪ್ಪ ಅಮ್ಮಂದಿರೆಲ್ಲ ಒಂದಲ್ಲ ಒಂದು ದಿನ ಈ ಪ್ರಶ್ನೆ ಕೇಳಿಯೇ ಕೇಳುತ್ತಾರೆ. ಕೇಳುವಾಗಲೇ ಉತ್ತರ ಅವರ ಬಾಯಲ್ಲಿರುತ್ತದೆ. ನಾನು ಆನಂದ್ ಅನ್ನಬೇಕು, ಇಲ್ಲವೇ ಕಾರ್ಲ್‌ಸನ್. 2024ರ ಡಿಸೆಂಬರ್‌ನಿಂದ ಈಚೆಗೆ ಗುಕೇಶ್ ಅಂದರೂ ನಡೆಯುತ್ತದೆ. ನಾನು "ಪೌಲ್ ಕೆರೆಸ್" ಅನ್ನುತ್ತೇನೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು ಎರಡನೇ ಪ್ರಶ್ನೆ ಹಾಕುತ್ತಾರೆ: "ಅವರು ಯಾವ ವರ್ಷ ವರ್ಲ್ಡ್ ಚಾಂಪಿಯನ್ ಆಗಿದ್ರು?"

ಆಗಲೇ ಇಲ್ಲ ಮಾರಾಯ್ರೇ. ಚಾಂಪಿಯನ್ ಪಟ್ಟಕ್ಕಾಗಿ ಇಬ್ಬರೇ ಎದುರುಬದುರು ಕೂತು ಆಡುವ ಪಂದ್ಯವನ್ನೂ ಆಡಲಿಲ್ಲ. ಗೇಟಿನ ಹತ್ತಿರ ನಿಂತು, ಸ್ಕೂಟರಿನ ಎಂಜಿನ್ ಆರಿಸದವರಿಗೆ ಹೇಳಿ ಮುಗಿಸುವ ಕಥೆಯಲ್ಲ ಇದು. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಕೆರೆಸ್ ಎಸ್ಟೋನಿಯಾದವನು. (ಮಕ್ಕಳಿಗೆ ಹೆಸರು ನೆನಪಿಡುವುದು ಸುಲಭ, ನಮ್ಮ ಕೆರೆಗೆ ಒಂದು "ಸ್" ಸೇರಿಸಿದರಾಯಿತು.) ಹುಟ್ಟಿದ್ದು 1916ರಲ್ಲಿ ನಾರ್ವಾದಲ್ಲಿ, ಬೆಳೆದದ್ದು ಪ್ಯಾರ್ನು ಎಂಬ ಸಣ್ಣ ಊರಿನಲ್ಲಿ. ಆಟ ಕಲಿಸಿದವರು ಅಪ್ಪ ಮತ್ತು ಅಣ್ಣ. ಚೆಸ್ ಪುಸ್ತಕಗಳು ಆ ಊರಿನಲ್ಲಿ ಸಿಗುತ್ತಿದ್ದುದೇ ಅಪರೂಪ. ದಿನಪತ್ರಿಕೆಯ ಚೆಸ್ ಸಮಸ್ಯೆಗಳನ್ನು ನೋಡಿ ನಡೆ ಬರೆಯುವ ಕ್ರಮ ಕಲಿತ, ಆಮೇಲೆ ಸಿಕ್ಕಸಿಕ್ಕ ಆಟಗಳನ್ನೆಲ್ಲ ಕೈಯಲ್ಲಿ ನಕಲು ಮಾಡುತ್ತ ಸುಮಾರು ಸಾವಿರ ಆಟಗಳ ಸ್ವಂತ ಸಂಗ್ರಹ ಮಾಡಿಕೊಂಡ. ಎದುರಾಳಿಗಳೂ ಸಿಗದ ಊರಾದ್ದರಿಂದ ಅಂಚೆಯಲ್ಲೇ ಆಡಿದ. ಒಂದು ಕಾಗದಕ್ಕೆ ಒಂದು ನಡೆ. ಒಂದೊಂದು ಕಾಲಕ್ಕೆ ನೂರೈವತ್ತು ಆಟಗಳು ಒಟ್ಟಿಗೆ ನಡೆಯುತ್ತಿದ್ದವಂತೆ. ಮೊಬೈಲಿನಲ್ಲಿ ಮೂರು ನಿಮಿಷದ ಆಟ ಸೋತು ಮುಖ ಊದಿಸಿಕೊಂಡು ಬರುವ ಹುಡುಗರಿಗೆ ಇದನ್ನು ಹೇಳಿದರೆ ಅವರು ಕೇಳುವುದು ಒಂದೇ: "ಅಷ್ಟು ಸ್ಟಾಂಪಿಗೆ ದುಡ್ಡು ಯಾರು ಕೊಟ್ರು?" ನ್ಯಾಯವಾದ ಪ್ರಶ್ನೆ.

ಇಂಗ್ಲೆಂಡಿನ ಮಾರ್ಗೇಟ್‌ನಲ್ಲಿ 1937ರಲ್ಲಿ ನಡೆದ ಒಂದು ಆಟವನ್ನು ನಾನು ಪ್ರತಿವರ್ಷ ಹೊಸ ಬ್ಯಾಚಿಗೆ ಬೋರ್ಡಿನ ಮೇಲೆ ಜೋಡಿಸಿ ತೋರಿಸುತ್ತೇನೆ. ಕೆರೆಸ್‌ಗೆ ಆಗ ಇಪ್ಪತ್ತೊಂದು. ಎದುರಿಗೆ ಅಲೆಖಿನ್, ಎರಡು ವರ್ಷದ ಹಿಂದೆ ಪಟ್ಟ ಕಳೆದುಕೊಂಡು ಅದೇ ವರ್ಷ ಮರಳಿ ಗೆಲ್ಲಲಿದ್ದ ಹುಲಿ. ಇಪ್ಪತ್ತಮೂರನೇ ನಡೆಗೆ ಬಂದು ನಿಲ್ಲಿಸುತ್ತೇನೆ. ಬಿಳಿಯ ರಾಣಿ ಸೀದಾ ಡಿ7 ಮನೆಗೆ ನುಗ್ಗಿ, ಅಲ್ಲಿದ್ದ ಕಾಯಿ ಹೊಡೆದು ಚೆಕ್ ಕೊಡುತ್ತದೆ. "ಸರ್, ರಾಣಿ ಹೋಯ್ತು!" ಅಂತ ಕೂಗು ಏಳುತ್ತದೆ. ಹೋಗಲಿ, ಆನೆಯಿಂದ ಹೊಡಿ ಅನ್ನುತ್ತೇನೆ. ಹೊಡೆದ ಕೂಡಲೇ ಬಿಳಿಯ ಆನೆ ಇ8ಕ್ಕೆ ಹೋಗಿ ಕೂರುತ್ತದೆ. ಕಪ್ಪು ರಾಜನಿಗೆ ಅಲ್ಲಾಡಲೂ ಜಾಗವಿಲ್ಲ. ಅಲೆಖಿನ್ ಅದನ್ನು ಹೊಡೆಯುವ ಗೋಜಿಗೇ ಹೋಗದೆ ಸೋಲೊಪ್ಪಿಕೊಂಡ.

ಮರುವರ್ಷ ಹಾಲೆಂಡಿನಲ್ಲಿ ಆವ್ರೋ ಟೂರ್ನಿ. ಎಂಟೇ ಆಟಗಾರರು, ಎಂಟೂ ಘಟಾನುಘಟಿಗಳು: ಅಲೆಖಿನ್, ಕಾಪಬ್ಲಾಂಕಾ, ಯೂವೆ, ಬೊಟ್ವಿನ್ನಿಕ್, ರೆಷೆವ್‌ಸ್ಕಿ, ಫ್ಲೋರ್, ಫೈನ್, ಕೆರೆಸ್. ಇವತ್ತು ಒಂದೂರಲ್ಲಿ ಆಡಿ ನಾಳೆ ಇನ್ನೊಂದೂರಿಗೆ ಗಂಟುಮೂಟೆ ಕಟ್ಟಬೇಕಿತ್ತು. ಹದಿನಾಲ್ಕು ಆಟಗಳಲ್ಲಿ ಕೆರೆಸ್ ಮೂರು ಗೆದ್ದು ಹನ್ನೊಂದು ಡ್ರಾ ಮಾಡಿಕೊಂಡ, ಒಂದನ್ನೂ ಸೋಲಲಿಲ್ಲ. ಫೈನ್ ಜೊತೆ 8.5 ಅಂಕಗಳ ಸಮಬಲ. ಫೈನ್‌ನನ್ನು ಸೋಲಿಸಿದ್ದರಿಂದ ಮೊದಲ ಸ್ಥಾನ ಇವನಿಗೇ ಬಂತು. ಅಲೆಖಿನ್ ಜೊತೆ ಪಟ್ಟಕ್ಕೆ ಆಡುವವನು ಇವನೇ ಎಂದು ಎಲ್ಲರೂ ಅಂದುಕೊಳ್ಳುವಷ್ಟರಲ್ಲಿ ಯುದ್ಧ ಬಂತು.

1940ರಲ್ಲಿ ಎಸ್ಟೋನಿಯಾವನ್ನು ಸೋವಿಯತ್ ಒಕ್ಕೂಟ ನುಂಗಿತು, 1941ರಲ್ಲಿ ಜರ್ಮನರು ಬಂದರು, 1944ರಲ್ಲಿ ಮತ್ತೆ ಸೋವಿಯತ್. ನಡುವೆ ಜರ್ಮನರು ನಡೆಸಿದ ಟೂರ್ನಿಗಳಲ್ಲಿ ಕೆರೆಸ್ ಆಡಿದ್ದ. ಹಾಗಾಗಿ ಮಾಸ್ಕೋದವರ ಕಣ್ಣಲ್ಲಿ ಅನುಮಾನದ ಮನುಷ್ಯನಾದ. ಅಲೆಖಿನ್ ಸತ್ತ ಮೇಲೆ ಖಾಲಿ ಪಟ್ಟಕ್ಕಾಗಿ 1948ರಲ್ಲಿ ಹೇಗ್ ಮತ್ತು ಮಾಸ್ಕೋದಲ್ಲಿ ಐದು ಜನರ ಟೂರ್ನಿ ನಡೆದಾಗ ಮಾಸ್ಕೋದವರ ನೆಚ್ಚಿನ ಆಟಗಾರ ಬೊಟ್ವಿನ್ನಿಕ್ ವಿರುದ್ಧ ಮೊದಲ ನಾಲ್ಕು ಆಟಗಳನ್ನೂ ಸೋತ. ಐದನೆಯದನ್ನು ಗೆದ್ದಾಗ ಬೊಟ್ವಿನ್ನಿಕ್‌ಗೆ ಪಟ್ಟ ಖಾತ್ರಿಯಾಗಿತ್ತು. "ಸೋಲು ಅಂತ ಮೇಲಿನಿಂದ ಹೇಳಿಸಿದ್ರಂತೆ ಹೌದಾ?" ಎಂದು ಚೆಸ್ ಗೊತ್ತಿರುವವರು ಕೇಳುತ್ತಾರೆ. ಪುರಾವೆ ಅನ್ನುವಂಥದ್ದು ಯಾವುದೂ ಸಿಕ್ಕಿಲ್ಲ. ಆ ನಾಲ್ಕೂ ಆಟಗಳನ್ನು ನಾನು ಹಲವು ಸಲ ಜೋಡಿಸಿ ನೋಡಿದ್ದೇನೆ. ಬೇಕಂತಲೇ ಸೋತವನ ಆಟ ಅನ್ನಿಸಲಿಲ್ಲ, ಕೈ ನಡುಗುತ್ತಿದ್ದವನ ಆಟ ಅನ್ನಿಸಿತು. ಅಂಥ ಕಾಲದಲ್ಲಿ ಅಂಥ ಜಾಗದಲ್ಲಿ ಕೂತವನಿಗೆ ಯಾರಾದರೂ ಬಂದು ಹೇಳಲೇಬೇಕೆಂದೇನಿತ್ತು?

ಆಟ ಮುಗಿದಿರಲಿಲ್ಲ ಅನ್ನುವುದಕ್ಕೆ ಸಾಕ್ಷಿ ಸೋವಿಯತ್ ಚಾಂಪಿಯನ್‌ಶಿಪ್. 1947, 1950, 1951, ಮೂರು ಸಲ ಗೆದ್ದ. 1951ರಲ್ಲಿ ಹಾಲಿ ವಿಶ್ವಚಾಂಪಿಯನ್ ಬೊಟ್ವಿನ್ನಿಕ್ಕನೇ ಕಣದಲ್ಲಿದ್ದು ಐದನೆಯವನಾದ. ಆದರೆ ವಿಶ್ವಚಾಂಪಿಯನ್‌ಗೆ ಸವಾಲು ಹಾಕುವವನನ್ನು ಆರಿಸುವ ಕ್ಯಾಂಡಿಡೇಟ್ಸ್ ಟೂರ್ನಿಯಲ್ಲಿ? 1953ರಲ್ಲಿ ಇನ್ನಿಬ್ಬರ ಜೊತೆ ಎರಡನೆಯವನು. 1956ರಲ್ಲಿ ಎರಡನೆಯವನು. 1959ರಲ್ಲೂ ಅದೇ. ಆ ಸಲ ಗೆದ್ದ ತಾಲ್‌ನನ್ನು ಪರಸ್ಪರ ಆಟಗಳಲ್ಲಿ 3–1ರಿಂದ ಚಚ್ಚಿದ್ದು ಇದೇ ಕೆರೆಸ್. ಆದರೆ ತಾಲ್ ಹದಿನಾರು ವರ್ಷದ ಫಿಷರ್‌ನನ್ನು 4–0 ಮಾಡಿ, ಉಳಿದವರಿಂದಲೂ ಅಂಕ ದೋಚಿ ಒಂದೂವರೆ ಅಂಕ ಮುಂದೆ ಹೋದ.

1962ರಲ್ಲಿ ಕ್ಯುರಸಾವ್ ದ್ವೀಪದಲ್ಲಿ ನಡೆದ ಕ್ಯಾಂಡಿಡೇಟ್ಸ್ ಟೂರ್ನಿಯ ಬಗ್ಗೆ ಓದಿದಾಗೆಲ್ಲ ನನಗೆ ಹೊಟ್ಟೆಯಲ್ಲಿ ಸಂಕಟ. ಇಪ್ಪತ್ತೆಂಟು ಸುತ್ತು, ಕೆರೆಸ್‌ಗೆ ನಲವತ್ತಾರು ವರ್ಷ. ಇಪ್ಪತ್ತೇಳನೇ ಸುತ್ತಿನಲ್ಲಿ ಎದುರಾಳಿ ಪಾಲ್ ಬೆಂಕೋ, ಅದುವರೆಗೆ ಕೆರೆಸ್ ಎದುರು ಸೋಲುತ್ತಲೇ ಬಂದವನು. ಆಗೆಲ್ಲ ನಿಗದಿತ ಹೊತ್ತಿನಲ್ಲಿ ಮುಗಿಯದ ಆಟವನ್ನು ನಿಲ್ಲಿಸಿ, ಮುಂದಿನ ನಡೆಯನ್ನು ಲಕೋಟೆಯಲ್ಲಿ ಮುಚ್ಚಿಟ್ಟು, ಆಮೇಲೆ ಮುಂದುವರಿಸುತ್ತಿದ್ದರು. ಹಾಗೆ ನಿಂತ ಆಟವನ್ನು ಬೆಂಕೋ ಲೆಕ್ಕ ಹಾಕುತ್ತಿದ್ದಾಗ ಅದೇ ಟೂರ್ನಿಯಲ್ಲಿ ಕೆರೆಸ್ ಜೊತೆ ಪೈಪೋಟಿಯಲ್ಲಿದ್ದ ಪೆಟ್ರೋಸಿಯನ್ ಮತ್ತು ಗೆಲ್ಲರ್ ಅವನಿಗೆ ನೆರವಾಗಲು ಬಂದರಂತೆ. ಕೆರೆಸ್‌ನ ದೇಶದ ತಂಡದವರೇ! ಅವರನ್ನು ಆಚೆಗಟ್ಟಿದೆ ಎಂದು ಬೆಂಕೋನೇ ಮುಂದೆ ಹೇಳಿಕೊಂಡ. ಆಚೆಗಟ್ಟಿದವನು ಆಟ ಮಾತ್ರ ಬಿಟ್ಟುಕೊಡಲಿಲ್ಲ, ಗೆದ್ದ. ಕೊನೆಯ ಸುತ್ತಿನಲ್ಲಿ ಕೆರೆಸ್, ಫಿಷರ್ ಜೊತೆ ಡ್ರಾ. ಪೆಟ್ರೋಸಿಯನ್ 17.5, ಕೆರೆಸ್ 17. ಪೆಟ್ರೋಸಿಯನ್ ಮರುವರ್ಷ ವಿಶ್ವಚಾಂಪಿಯನ್.

ಪಾಪ ಅನ್ನುವ ಮುಂಚೆ ಇದನ್ನೂ ಹೇಳಬೇಕು. ಅದೇ ಟೂರ್ನಿಯಲ್ಲಿ ಪೆಟ್ರೋಸಿಯನ್, ಗೆಲ್ಲರ್, ಕೆರೆಸ್ ಮೂವರೂ ತಮ್ಮತಮ್ಮೊಳಗಿನ ಹನ್ನೆರಡೂ ಆಟಗಳನ್ನು ಡ್ರಾ ಮಾಡಿಕೊಂಡರು, ಹೆಚ್ಚಿನವು ಬೆವರು ಹರಿಸದ ಡ್ರಾಗಳು. ಇದು ಒಳಒಪ್ಪಂದ ಎಂದು ಫಿಷರ್ ಬೊಬ್ಬೆ ಹಾಕಿದ್ದು ಅದಕ್ಕೇ, ಮುಂದಿನ ಸಲದಿಂದ ಟೂರ್ನಿ ಬಿಟ್ಟು ನಾಕೌಟ್ ಪಂದ್ಯಗಳು ಬಂದದ್ದೂ ಅದರಿಂದಲೇ. ಅರ್ಧ ಅಂಕಕ್ಕೆ ಸೋತವನು ಆ ಡ್ರಾಗಳಲ್ಲಿ ಒಂದನ್ನಾದರೂ ಆಡಿ ನೋಡಬಹುದಿತ್ತಲ್ಲ! ಮೆಚ್ಚಿನವನೆಂದು ಇದನ್ನು ಮುಚ್ಚಿಡಲು ನನಗೆ ಮನಸ್ಸಿಲ್ಲ.

ಹಾಗಾದರೆ ಯಾಕೆ ಇವನೇ? ಕಾಪಬ್ಲಾಂಕಾನಿಂದ ಫಿಷರ್‌ವರೆಗೆ ಒಂಬತ್ತು ವಿಶ್ವಚಾಂಪಿಯನ್ನರನ್ನು ಸೋಲಿಸಿದ್ದಾನೆ ಅಂತ ಹೇಳಿ ಗೆಲ್ಲಬಹುದು. ಪೋಷಕರು ಆ ಲೆಕ್ಕಕ್ಕೆ ತಲೆದೂಗುತ್ತಾರೆ. ನನ್ನ ನಿಜವಾದ ಕಾರಣ ಬೇರೆ. ನನಗೆ ಆಟ ಹೇಳಿಕೊಟ್ಟವರಿಲ್ಲ. ನಾನೂ ಹೈಸ್ಕೂಲಿನಲ್ಲಿ ಲೈಬ್ರರಿಯ ಹಳೇ ಪತ್ರಿಕೆಗಳಿಂದ ಆಟಗಳನ್ನು ನೋಟ್‌ಬುಕ್ಕಿಗೆ ಇಳಿಸಿಕೊಂಡು ಕಲಿತವನು. ನಲವತ್ತು ಆಟಕ್ಕೇ ಕೈ ಸೋತು ಬಿಟ್ಟೆ, ಅದು ಬೇರೆ ಮಾತು. ಅವನು ಸಾವಿರಕ್ಕೆ ಹೋದ.

1975ರಲ್ಲಿ ವ್ಯಾಂಕೋವರ್‌ನಲ್ಲಿ ಒಂದು ಟೂರ್ನಿ ಗೆದ್ದು ಊರಿಗೆ ಮರಳುವಾಗ ಹೆಲ್ಸಿಂಕಿಯಲ್ಲಿ ಹೃದಯಾಘಾತವಾಗಿ ತೀರಿಕೊಂಡ. ಐವತ್ತೊಂಬತ್ತು. ಎಸ್ಟೋನಿಯಾ ಸ್ವತಂತ್ರವಾದ ಮೇಲೆ ತನ್ನ ಐದು ಕ್ರೂನ್ ನೋಟಿನ ಮೇಲೆ ಅವನ ಚಿತ್ರ ಹಾಕಿತು. ಹಿಂಬದಿಯಲ್ಲಿ ಅವನು ಹುಟ್ಟಿದ ನಾರ್ವಾದ ಕೋಟೆ. ಗೆಳೆಯನೊಬ್ಬ ತಂದುಕೊಟ್ಟ ಒಂದು ನೋಟು ನನ್ನ ಬಳಿ ಇದೆ, ಮಕ್ಕಳಿಗೆ ತೋರಿಸುತ್ತಿರುತ್ತೇನೆ. ಹೋದ ತಿಂಗಳು ಒಬ್ಬ ಪುಟಾಣಿ ಅದನ್ನು ಬೆಳಕಿಗೆ ಹಿಡಿದು ಕೇಳಿದ: "ಸರ್, ಇದು ಈಗ ನಡೆಯುತ್ತಾ?" 2011ರಿಂದ ಅಲ್ಲಿ ಯೂರೋ ಬಂದಿದೆ, ಅಂಗಡಿಯಲ್ಲಿ ನಡೆಯಲ್ಲ ಅಂದೆ. "ಮತ್ತೆ ಯಾಕೆ ಲ್ಯಾಮಿನೇಷನ್ ಮಾಡಿಸಿದ್ದೀರ?" ಅಂದ. ಅವನ ಅಮ್ಮ ಗೇಟಿನಲ್ಲಿ ಹಾರ್ನ್ ಹೊಡೆಯುತ್ತಿದ್ದರು.