ಬಣ್ಣ ಮಾಸಿದ ಲಂಡನ್: ‘ದಿ ಡೆಡ್ಲಿ ಅಫೇರ್’ ಮರುನೋಟ

ಸಿಡ್ನಿ ಲುಮೆಟ್ ನಿರ್ದೇಶನದ ‘ದಿ ಡೆಡ್ಲಿ ಅಫೇರ್’ (1967) ನೋಡಲು ಕೂರುವ ಮುನ್ನ ಟಿವಿಯಲ್ಲಿ ಬಣ್ಣಗಳನ್ನು ಗಾಢವಾಗಿಸುವ ‘ವಿವಿಡ್’ ಮೋಡ್ ಆಫ್ ಮಾಡಿ. ಕಾಂಟ್ರಾಸ್ಟ್ ಏರಿಸಿದರೆ ಈ ಸಿನಿಮಾದ ಅರ್ಧ ಜೀವ ಅಲ್ಲೇ ಹೋಗುತ್ತದೆ.

ಛಾಯಾಗ್ರಾಹಕ ಫ್ರೆಡ್ಡಿ ಯಂಗ್ ನೆಗೆಟಿವ್‌ಗೆ (ಕ್ಯಾಮೆರಾದ ಫಿಲ್ಮ್ ಸುರುಳಿಗೆ) ಮೊದಲೇ ಒಂದಿಷ್ಟು ಮಂದ ಬೆಳಕು ತಾಗಿಸಿ, ಆಮೇಲೆ ಅದರಲ್ಲಿ ಚಿತ್ರೀಕರಿಸಿದರು. ಬೆಳಕು ಧಾರಾಳವಾಗಿ ಬಿದ್ದ ಕಡೆ ಮೊದಲೇ ತಾಗಿಸಿದ ಈ ಚೂರು ಬೆಳಕು ಲೆಕ್ಕಕ್ಕೇ ಬರುವುದಿಲ್ಲ. ನೆರಳಿನಲ್ಲಿ ಮಾತ್ರ ಅದರ ಆಟ: ಕಪ್ಪು ಬೂದಿಬಣ್ಣಕ್ಕೆ ತಿರುಗುತ್ತದೆ, ಕೆಂಪು ಹಸಿರುಗಳು ಮಾಸುತ್ತವೆ. ಅಳತೆ ತುಸು ಮೀರಿದರೆ ಇಡೀ ಚಿತ್ರಕ್ಕೆ ಮಂಜು ಮುಸುಕುತ್ತದೆ, ಕಡಿಮೆಯಾದರೆ ವ್ಯತ್ಯಾಸವೇ ತಿಳಿಯದು. ಒಮ್ಮೆ ತಾಗಿಸಿದ ಬೆಳಕನ್ನು ಹಿಂದಕ್ಕೆ ತೆಗೆಯುವಂತೆಯೂ ಇಲ್ಲ. ‘ಲಾರೆನ್ಸ್ ಆಫ್ ಅರೇಬಿಯಾ’ದ ಮರಳುಗಾಡನ್ನು ಬೆಳಗಿಸಿದವರೂ ಇವರೇ! ಈ ಸಲ ನೋಡುವಾಗ ಅನ್ನಿಸಿದ್ದಿಷ್ಟು: ಈ ಮಂಕುತನ ಸಿನಿಮಾದ ಕೊರತೆಯಲ್ಲ, ಅದರ ಕಥೆಯೇ ಅದು.

ವಿದೇಶಾಂಗ ಕಚೇರಿಯ ಫೆನ್ನನ್ ಆತ್ಮಹತ್ಯೆ ಮಾಡಿಕೊಂಡ ಎಂಬ ಸುದ್ದಿ. ಅವನನ್ನು ವಿಚಾರಿಸಿದ್ದ ಗುಪ್ತಚರ ಅಧಿಕಾರಿ ಡಾಬ್ಸ್ (ಜೇಮ್ಸ್ ಮೇಸನ್) ಅವನ ಮನೆಗೆ ಹೋಗುತ್ತಾನೆ. ಫೋನ್ ಬಡಿದುಕೊಳ್ಳುತ್ತದೆ. ಎತ್ತಿದರೆ ಎಕ್ಸ್‌ಚೇಂಜ್‌ನಿಂದ ಬೆಳಗ್ಗೆ ಎಬ್ಬಿಸುವ ಕರೆ. ಸಾಯಲು ಹೊರಟವನಿಗೆ ಬೆಳಗ್ಗೆ ಏಳುವ ಯೋಚನೆ ಯಾಕೆ? ಇಡೀ ಪತ್ತೇದಾರಿಕೆ ಈ ಒಂದು ಎಳೆಯಿಂದ ಬಿಚ್ಚಿಕೊಳ್ಳುತ್ತದೆ. ಫೆನ್ನನ್ ಹೆಂಡತಿಯಾಗಿ ಸಿಮೋನ್ ಸಿನ್ಯೋರೆ ಕೊಡುವ ಉತ್ತರಗಳನ್ನು ಕೇಳುವುದಕ್ಕಿಂತ ಆಕೆಯ ಮುಖ ನೋಡಬೇಕು.

ಡಾಬ್ಸ್ ಎಂದರೆ ಜಾನ್ ಲ ಕಾರೆಯ 1961ರ ‘ಕಾಲ್ ಫಾರ್ ದಿ ಡೆಡ್’ ಕಾದಂಬರಿಯ ಗುಪ್ತಚರ ನಾಯಕ ಸ್ಮೈಲಿ. ಆ ಹೆಸರಿನ ಹಕ್ಕು ಪ್ಯಾರಾಮೌಂಟ್ ಸ್ಟುಡಿಯೊ ಬಳಿ ಇದ್ದದ್ದರಿಂದ ಇಲ್ಲಿ ಬೇರೆ ಹೆಸರು. ಕಾದಂಬರಿಯಲ್ಲಿ ಅವನ ಹೆಂಡತಿ ಮೊದಲೇ ಬಿಟ್ಟು ಹೋಗಿರುತ್ತಾಳೆ. ಚಿತ್ರಕಥೆ ಬರೆದ ಪಾಲ್ ಡೆನ್ ಅವಳನ್ನು ಮನೆಯೊಳಗೇ ಉಳಿಸಿಕೊಂಡು, ಅವಳ ಪ್ರೇಮವನ್ನೂ ಪ್ರಕರಣಕ್ಕೆ ಹೆಣೆದರು. ಕಚೇರಿಯಲ್ಲಿ ಸುಳ್ಳು ಹಿಡಿಯುವವನು ಮನೆಯಲ್ಲಿ ಎಲ್ಲ ಗೊತ್ತಿದ್ದೂ ಸುಮ್ಮನಿರಬೇಕು. ಮೂಲಕ್ಕಿಂತ ಇದೇ ಗಟ್ಟಿ ಎನ್ನುತ್ತೇನೆ.

ಕ್ವಿನ್ಸಿ ಜೋನ್ಸ್ ಅವರ ಬೊಸಾ ನೋವಾ (ಬ್ರೆಜಿಲ್‌ನ ಮೆಲುದನಿಯ ಶೈಲಿ) ಸಂಗೀತ ಈ ಬೂದು ಬೀದಿಗಳಿಗೆ ಒಗ್ಗುವುದಿಲ್ಲ ಎಂಬ ದೂರು ಪೂರ್ತಿ ಸುಳ್ಳಲ್ಲ. ಆಸ್ಟ್ರುಡ್ ಜಿಲ್ಬರ್ಟೊ ಹಾಡಿದ ಹಾಡು ಡಾಬ್ಸ್‌ನ ದಾಂಪತ್ಯಕ್ಕೆ ಸೇರಿದ್ದು, ಅಲ್ಲಿ ಚೆನ್ನಾಗಿ ಕೂರುತ್ತದೆ. ಅದೇ ಧಾಟಿ ಬೀದಿಗೆ ಬಂದಾಗ ಬಿಗಿ ಸಡಿಲುತ್ತದೆ.

ನಾಟಕಶಾಲೆಯ ಭಾಗ ಮಾತ್ರ ಒಂದು ಗುಲಗಂಜಿಯಷ್ಟೂ ಹೆಚ್ಚುಕಡಿಮೆಯಿಲ್ಲ. ರಾಯಲ್ ಶೇಕ್ಸ್‌ಪಿಯರ್ ಕಂಪನಿಯವರು ಮಾರ್ಲೋನ ‘ಎಡ್ವರ್ಡ್ II’ ನಾಟಕ ಆಡುತ್ತಿದ್ದಾರೆ. ರಂಗದ ಮೇಲೆ ರಾಜನ ಕೊಲೆ, ಎಲ್ಲರ ಕಣ್ಣೂ ಅಲ್ಲೇ. ಪ್ರೇಕ್ಷಕರ ಸಾಲಿನಲ್ಲಿ ನಡೆಯುವುದನ್ನು ನೋಡುವವರಿಲ್ಲ. ಇದಾದ ಮೇಲೆ ಬರುವ ಹೊಡೆದಾಟ ಸಪ್ಪೆಯಾಗಿ ಕಾಣುವುದು ಅದಕ್ಕೇ.